ತತ್ವಪದಕ್ಕೆ ಗಿಟಾರ್ ಕೂಡಿಸಿದ್ದು ಹೇಗೆ: ನನ್ನ ಅನುಭವ

ಕನ್ನಡದಲ್ಲಿ ಜನಪದ ರಾಕ್ ಹಾಡಬೇಕೆಂದು ಹೊರಟ ಹುಡುಗ ಹುಡುಗಿಯರು ನನ್ನ ಬಳಿ ಬಂದಾಗ ಮೊದಲು ಕೇಳುವುದು ಗಿಟಾರಿನ ಬಗ್ಗೆ. ಯಾವ ಕಾರ್ಡ್ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಹಿಡಿಯಬೇಕು, ಗಿಟಾರಿನ ದನಿ ಬದಲಿಸಲು ಯಾವ ಪೆಡಲ್ ಕೊಳ್ಳಬೇಕು ಎಂದು. ಗಿಟಾರನ್ನು ಬದಿಗಿಡಲು ಹೇಳಿ, ಪದವನ್ನು, ಅಂದರೆ ಹಾಡಿನ ಸಾಹಿತ್ಯವನ್ನು, ಬಾಯಿಬಿಟ್ಟು ಓದಿಸುತ್ತೇನೆ. ಕನ್ನಡದ ಪದ ತನ್ನ ನಡೆಯನ್ನು ತಾನೇ ಹೊತ್ತು ತರುತ್ತದೆ, ವಾದ್ಯಗಳು ಅದರ ಹಿಂದೆ ಬರಬೇಕು. ಈ ಕಸುಬಿನಲ್ಲಿ ನಾನು ನಂಬಿ ನಡೆದದ್ದು ಇದನ್ನೇ.

ನಾನು ಶಿಶುನಾಳದ ಆಸುಪಾಸಿನ ಊರಿನವನು. ನಮ್ಮ ಭಜನಾ ಮೇಳದಲ್ಲಿ ಹಾರ್ಮೋನಿಯಂ, ತಬಲಾ, ಗೆಜ್ಜೆ ಕಟ್ಟಿದ ದಮ್ಮಡಿ, ತಾಳ ಇದ್ದವು. ಅಮಾವಾಸ್ಯೆಯ ರಾತ್ರಿ ಗುಡಿಯಲ್ಲಿ ಕುಳಿತರೆ ಬೆಳಗಿನ ಜಾವದವರೆಗೂ ಪದಗಳು ನಡೆಯುತ್ತಿದ್ದವು. ತತ್ವಪದಗಳನ್ನು ಕಟ್ಟಿದ ಶಿಶುನಾಳ ಶರೀಫರು (1819–1889) ಮುಸ್ಲಿಂ ಮನೆಯಲ್ಲಿ ಹುಟ್ಟಿ ಕಳಸದ ಗೋವಿಂದ ಭಟ್ಟರ ಶಿಷ್ಯರಾದವರು. ಅವರ ಪದಗಳನ್ನು ಮೇಳದ ಹಿರಿಯರು ಪುಸ್ತಕ ನೋಡದೆ ಹಾಡುತ್ತಿದ್ದರು, ನಾವು ಹುಡುಗರು ಹಿಂದಿನಿಂದ ಸೊಲ್ಲು ಎತ್ತುತ್ತಿದ್ದೆವು. ಆಮೇಲೆ ಧಾರವಾಡದಲ್ಲಿ ಓದುವಾಗ ಹಾಸ್ಟೆಲ್ಲಿನ ಗೆಳೆಯನೊಬ್ಬ ಗಿಟಾರ್ ಹಿಡಿಯುವುದನ್ನು ಕಲಿಸಿದ. ಒಂದು ಕಡೆ ಭಜನೆ, ಇನ್ನೊಂದು ಕಡೆ ಗಿಟಾರ್ ಎಂದು ಎರಡೂ ಬೇರೆ ಬೇರೆಯಾಗಿಯೇ ಬಹಳ ಕಾಲ ನನ್ನೊಳಗೆ ಇದ್ದವು.

ಸಿ. ಅಶ್ವತ್ಥ್ ಅವರು ಶರೀಫರ ಪದಗಳನ್ನು ಸುಗಮ ಸಂಗೀತದ ವೇದಿಕೆಗೆ ತಂದು ಮನೆಮನೆಗೆ ಮುಟ್ಟಿಸಿದ್ದರು. 2008ರಲ್ಲಿ ರಘು ದೀಕ್ಷಿತ್ ಅವರ ಮೊದಲ ಆಲ್ಬಂ ಬಂತು. ಅದರಲ್ಲಿ ಶರೀಫರ ಪದ ಗಿಟಾರಿನೊಂದಿಗೆ ಬಂದಿತ್ತು. 2011ರಲ್ಲಿ ಅವರು ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವದಲ್ಲಿ ಹಾಡಿದಾಗ ನನ್ನಂಥ ಎಷ್ಟೋ ಜನರಿಗೆ ಧೈರ್ಯ ಬಂತು. ಬೆಂಗಳೂರಿನ ಸ್ವರಾತ್ಮ ತಂಡವೂ ಅದೇ ಕಾಲಕ್ಕೆ ಜನಪದದ ಲಯವನ್ನು ರಾಕ್ ವೇದಿಕೆಗೆ ತಂದಿತ್ತು. ಇವರೆಲ್ಲರ ಬಗ್ಗೆ ನನಗೆ ಅಪಾರ ಗೌರವವಿದೆ. ಆದರೆ ಅವರ ಧಾಟಿಯನ್ನು ಎತ್ತಿಕೊಳ್ಳದೆ ನನ್ನದೇ ದಾರಿ ಹುಡುಕಬೇಕು ಎಂಬುದು ಮೊದಲಿನಿಂದಲೂ ಮನಸ್ಸಿನಲ್ಲಿತ್ತು. ಆ ಹುಡುಕಾಟಕ್ಕೆ ನೆರವಾದದ್ದು ಶಾಲೆಯಲ್ಲಿ ಕಲಿತ ಛಂದಸ್ಸು.

‘ಸೋರುತಿಹುದು ಮನೆಯ ಮಾಳಿಗಿ’ ಎಂಬ ಸಾಲನ್ನು ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು ಮಾತ್ರೆ ಹಾಕಿ ಎಣಿಸಿ ನೋಡಿ. ಸೋರು, ತಿಹುದು, ಮನೆಯ, ಮಾಳಿ ಎಂದು ಮೂರು ಮೂರು ಮಾತ್ರೆಯ ಗಣಗಳು ಸಾಲಾಗಿ ಬರುತ್ತವೆ. ಕೊನೆಯ ‘ಗಿ’ಯನ್ನು ಎಳೆದರೆ ಅದೂ ಮೂರಕ್ಕೆ ತುಂಬುತ್ತದೆ. ಮುಂದೆ ‘ಮುರುಕು ತೊಲೆಯು ಹುಳುಕು ಜಂತಿ’ ಬರುವಾಗಲೂ ಅದೇ ಮೂರರ ನಡೆ. ಇನ್ನು ‘ತರವಲ್ಲ ತಗಿ ನಿನ್ನ ತಂಬೂರಿ’ ಎಣಿಸಿದರೆ ಐದು, ಐದು, ಐದು. ಅಷ್ಟೇ ಅಲ್ಲ, ಪ್ರತಿಯೊಂದು ಐದೂ ಎರಡು ಮತ್ತು ಮೂರಾಗಿಯೇ ಒಡೆಯುತ್ತದೆ: ತರ–ವಲ್ಲ, ತಗಿ–ನಿನ್ನ, ತಂ–ಬೂರಿ. ಇದನ್ನು ಕಂಡ ದಿನ ನನಗಾದ ಸಂತೋಷ ಅಷ್ಟಿಷ್ಟಲ್ಲ. ಡ್ರಮ್ಸ್ ನುಡಿಸುವವನಿಗೆ ನಾನು ಬೇರೇನೂ ಹೇಳಬೇಕಾಗಲಿಲ್ಲ. ಮೊದಲ ಮಾತ್ರೆಗೆ ಕಾಲಿನ ಡ್ರಮ್, ಮೂರನೆಯ ಮಾತ್ರೆಗೆ ಸ್ನೇರ್ ಎಂಬ ಚುರುಕು ದನಿಯ ಡ್ರಮ್, ಉಳಿದದ್ದು ಪದಕ್ಕೆ ಬಿಟ್ಟದ್ದು. ಮುಂದಿನ ಸಾಲಿನ ‘ಬಾರಿಸದಿರು’ ಎಂಬಲ್ಲಿ ಒಂದು ಮಾತ್ರೆ ಹೆಚ್ಚಾಗುತ್ತದೆ. ಅಲ್ಲಿ ನಾನು ‘ಬಾ’ವನ್ನು ಸ್ವಲ್ಪ ಒತ್ತಿ ಕಿರಿದಾಗಿಸಿ ಐದಕ್ಕೆ ಇಳಿಸುತ್ತೇನೆ. ಹಾಡುವ ಪದಕ್ಕೆ ಇಷ್ಟು ಸಲಿಗೆ ಇದ್ದೇ ಇದೆ.

ರಾಕ್ ಸಂಗೀತದಲ್ಲಿ ಸಾಮಾನ್ಯವಾಗಿ ಕೇಳಿಬರುವ ನಾಲ್ಕರ ಎಣಿಕೆಗೆ ಈ ಐದನ್ನು ಬಲವಂತವಾಗಿ ತುಂಬಬಹುದು, ತುಂಬುವವರೂ ಇದ್ದಾರೆ. ಆಗ ಎಲ್ಲೋ ಒಂದು ಅಕ್ಷರ ಸುಮ್ಮನೆ ಹಿಗ್ಗುತ್ತದೆ. ಅದಕ್ಕಿಂತ ಹೆಚ್ಚಾಗಿ ಎರಡನೆಯ ಅಕ್ಷರದ ಪ್ರಾಸ ಹಾಳಾಗುತ್ತದೆ. ‘ತರವಲ್ಲ’, ‘ಸ್ವರ ಬರದೆ’ ಎಂಬಲ್ಲಿ ಎರಡೂ ಸಾಲಿನ ‘ರ’ ಒಂದೇ ಜಾಗದಲ್ಲಿ ಬೀಳಬೇಕು. ಕೇಳುವವರು ಪ್ರಾಸವನ್ನು ಹೆಸರಿಟ್ಟು ಗುರುತಿಸಲಾರರು, ಆದರೆ ಅದು ತಪ್ಪಿದರೆ ಅವರ ತಲೆದೂಗು ನಿಲ್ಲುತ್ತದೆ.

ಎರಡನೆಯ ತೊಡಕು ಕಾರ್ಡ್‌ಗಳದು. ಭಜನೆಯ ಹಾಡುಗಾರರು ಗಾಂಧಾರವನ್ನು, ಅಂದರೆ ಸರಿಗಮದ ‘ಗ’ವನ್ನು, ಒಂದೇ ಕಡೆ ನಿಲ್ಲಿಸುವುದಿಲ್ಲ, ಕೋಮಲಕ್ಕೂ ಶುದ್ಧಕ್ಕೂ ನಡುವೆ ಜಾರಿಸುತ್ತಾರೆ. ಗಾಂಧಾರವನ್ನು ಒಂದೇ ಜಾಗಕ್ಕೆ ಕಟ್ಟುವ ಗಿಟಾರಿನ ಮೇಜರ್ ಅಥವಾ ಮೈನರ್ ಕಾರ್ಡ್ ಅಲ್ಲಿ ಬಂದು ಕುಳಿತರೆ ದನಿಗೆ ಓಡಾಡಲು ದಾರಿಯೇ ಇರುವುದಿಲ್ಲ. ಹಾಗಾಗಿ ತಂತಿಗಳ ಶ್ರುತಿಯನ್ನೇ ಬದಲಿಸಿದೆ. ದಪ್ಪದಿಂದ ಸಣ್ಣದಕ್ಕೆ ಡಿ, ಎ, ಡಿ, ಜಿ, ಎ, ಡಿ. ಡಿಯನ್ನು ಷಡ್ಜ, ಅಂದರೆ ‘ಸ’ ಎಂದು ಹಿಡಿದರೆ ಆರು ತಂತಿಗಳಲ್ಲಿ ಮೂರು ಷಡ್ಜ, ಎರಡು ಪಂಚಮ, ಒಂದು ಮಧ್ಯಮ. ಗಾಂಧಾರ ಇಲ್ಲವೇ ಇಲ್ಲ, ಅದು ದನಿಯದು. ಈ ಶ್ರುತಿ ಬ್ರಿಟನ್ನಿನ ಜನಪದ ಗಿಟಾರ್ ವಾದಕರಲ್ಲಿ ಹಳೆಯ ಬಳಕೆ. ನನ್ನ ಕಿವಿಗೆ ಅದು ಏಕತಾರಿಯ ಬಳಗದ್ದೇ ಅನ್ನಿಸಿತು. ಮೂರು ತಂತಿಗಳನ್ನು ಇಳಿಸುವುದರಿಂದ ಅವು ಸಡಿಲಾಗುತ್ತವೆ, ಆದ್ದರಿಂದ ಸ್ವಲ್ಪ ದಪ್ಪನೆಯ ತಂತಿಯ ಕಟ್ಟು ಹಾಕುವುದು ಒಳ್ಳೆಯದು. ಮೇಳದವರು ಹಾರ್ಮೋನಿಯಂನಲ್ಲಿ ಕರಿ ಎರಡಕ್ಕೆ (ಎರಡನೆಯ ಕಪ್ಪು ಮನೆಯನ್ನು ಷಡ್ಜವಾಗಿಟ್ಟು) ಹಾಡುವುದಾದರೆ ಗಿಟಾರಿನ ಮೊದಲ ಮನೆಗೆ ಕೇಪೊ, ಅಂದರೆ ತಂತಿಗಳನ್ನೆಲ್ಲ ಒತ್ತಿ ಶ್ರುತಿ ಏರಿಸುವ ಕ್ಲಿಪ್, ಹಾಕಿದರೆ ಸಾಕು, ಜೊತೆಗೂಡಬಹುದು.

ಎಲ್ಲಿ ನುಡಿಸಬೇಕು ಎಂಬುದನ್ನು ಹೇಳಿಕೊಟ್ಟವರು ಮೇಳದ ಹಿರಿಯರು. ಅವರನ್ನು ಊರಿನವರೆಲ್ಲ ಅಜ್ಜ ಎನ್ನುತ್ತಿದ್ದರು. “ತಮ್ಮಾ, ನಾನು ಉಸಿರು ತೆಗೆದುಕೊಳ್ಳುವ ಜಾಗದಲ್ಲಿ ನೀನು ಬಾರಿಸು. ನಾನು ಪದ ನುಡಿಯುವಾಗ ನೀನು ಶ್ರುತಿ ಹಿಡಿ” ಎಂದರು. ಇದಕ್ಕಿಂತ ಚೊಕ್ಕವಾದ ಪಾಠ ನನಗೆ ಯಾವ ಸ್ಟುಡಿಯೋದಲ್ಲೂ ಸಿಕ್ಕಿಲ್ಲ. ಇಂದಿಗೂ ನಮ್ಮ ತಂಡದಲ್ಲಿ ಪದದ ಮೇಲೆ ಗಿಟಾರಿನ ಅಲಂಕಾರ ಬರುವುದಿಲ್ಲ, ಸಾಲು ಮುಗಿದ ಮೇಲೆಯೇ ಬರುತ್ತದೆ. ಡೋಲಕ್ ಇರುವ ಹಾಡಿನಲ್ಲಿ ಕಾಲಿನ ಡ್ರಮ್ ಇಡುವುದಿಲ್ಲ. ಎರಡರ ಗುಮ್ಮೆನ್ನುವ ದನಿಯೂ ಒಂದೇ ಕೆಳಮಟ್ಟದಲ್ಲಿ ಬಡಿದು, ತೆರೆದ ಬಯಲಿನಲ್ಲಿ ಕೆಸರಾಗಿ ಕೇಳಿಸುತ್ತದೆ. ದಮ್ಮಡಿಯ ಗೆಜ್ಜೆ ಇದ್ದರೆ ಡ್ರಮ್ಸ್‌ನ ಜೋಡಿ ತಾಳವಾದ ಹೈ-ಹ್ಯಾಟ್ ಬೇಡ.

ನನ್ನ ಸ್ವಂತ ಹಾಡುಗಳೂ ಹೀಗೆಯೇ ಹುಟ್ಟುತ್ತವೆ. ನಡೆಯುತ್ತಾ ಬಾಯಲ್ಲಿ ಕಟ್ಟುತ್ತೇನೆ, ಮೊಬೈಲಿನಲ್ಲಿ ದನಿ ಮುದ್ರಿಸಿಕೊಳ್ಳುತ್ತೇನೆ. ಗಿಟಾರ್ ಮುಟ್ಟುವುದು ಕೊನೆಗೆ. ಹುಬ್ಬಳ್ಳಿಯ ಬಸ್ ನಿಲ್ದಾಣದಲ್ಲಿ ಗುಳೆ ಹೊರಟು ಕುಳಿತವರ ಬಗ್ಗೆ, ಬಿತ್ತಿದ ಮೇಲೆ ಮಳೆ ಕೈಕೊಟ್ಟ ಹೊಲದ ಬಗ್ಗೆ ಬರೆದಿದ್ದೇನೆ. ತತ್ವಪದದಲ್ಲಿ ಕಡೆಯ ನುಡಿಗೆ ಅಂಕಿತ ಬರುತ್ತದೆ, ಶರೀಫರದು ಶಿಶುನಾಳಧೀಶ. ನನ್ನ ಹಾಡುಗಳಿಗೆ ಅಂಕಿತ ಇಟ್ಟುಕೊಂಡಿಲ್ಲ. ಆ ಅಧಿಕಾರ ಸಾಧನೆಯಿಂದ ಬರುವಂಥದ್ದು ಎಂಬುದು ನನ್ನ ನಂಬಿಕೆ. ಬದಲಿಗೆ ಕಡೆಯ ನುಡಿಯಲ್ಲಿ ಒಂದು ಊರಿನ ಹೆಸರನ್ನಾದರೂ ತರುತ್ತೇನೆ.

ಹೊಟ್ಟೆಪಾಡಿನ ಮಾತನ್ನೂ ಆಡಬೇಕು. ಕಾಲೇಜು ಉತ್ಸವ, ಗಣೇಶನ ಪೆಂಡಾಲ್, ಜಾತ್ರೆ, ಕಂಪನಿಗಳ ವಾರ್ಷಿಕೋತ್ಸವ ಎಲ್ಲವೂ ಸೇರಿದರೆ ವರ್ಷ ಸಾಗುತ್ತದೆ. ಮಳೆಗಾಲದಲ್ಲಿ ಕಾರ್ಯಕ್ರಮ ಕಡಿಮೆ, ಆಗ ಮಕ್ಕಳಿಗೆ ಗಿಟಾರ್ ಪಾಠ ಹೇಳುತ್ತೇನೆ. ಒಂದು ಉತ್ಸವದ ಸಂಭಾವನೆಗಾಗಿ ತಿಂಗಳುಗಟ್ಟಲೆ ಕಚೇರಿಗೆ ಅಲೆದ ಮೇಲೆ, ಅರ್ಧ ಹಣ ಮುಂಗಡ ಬರದೆ ವಾದ್ಯಗಳನ್ನು ಗಾಡಿಗೆ ಏರಿಸುವುದಿಲ್ಲ ಎಂದು ತಂಡದಲ್ಲಿ ತೀರ್ಮಾನಿಸಿದೆವು. ಹಿಮ್ಮೇಳದವರಿಗೆ ಅಂದೇ ರಾತ್ರಿ ಹಣ ಕೊಟ್ಟು ಕಳಿಸುತ್ತೇವೆ.

ಹಕ್ಕಿನ ವಿಷಯ ಇದಕ್ಕಿಂತ ಮುಖ್ಯ, ನಮ್ಮಲ್ಲಿ ಬಹಳ ಜನ ಇದನ್ನು ಕಡೆಗಣಿಸುತ್ತಾರೆ. ಭಾರತದ ಕಾನೂನಿನಲ್ಲಿ ಸಾಹಿತ್ಯ, ಸಂಗೀತಗಳ ಕೃತಿಸ್ವಾಮ್ಯ ಕರ್ತೃವಿನ ಮರಣಾನಂತರ 60 ವರ್ಷ ಇರುತ್ತದೆ. ಶರೀಫರ ಸಾಹಿತ್ಯವನ್ನು ಯಾರು ಬೇಕಾದರೂ ಹಾಡಬಹುದು. ಆದರೆ ಅದೇ ಪದಕ್ಕೆ ಅಶ್ವತ್ಥ್ ಅವರು ಹಾಕಿದ ರಾಗಸಂಯೋಜನೆಗೆ ಹಕ್ಕು ಇನ್ನೂ ಇದೆ. ಅವರು ತೀರಿಕೊಂಡದ್ದು 2009ರಲ್ಲಿ. ಹಾಗಾಗಿ ಆ ಧಾಟಿಯಲ್ಲೇ ಹಾಡಿ ಬಿಡುಗಡೆ ಮಾಡುವವರು ಅನುಮತಿ ಪಡೆಯಬೇಕು. ನಿಮ್ಮದೇ ಧಾಟಿ ಕಟ್ಟಿದರೆ ಆ ಧಾಟಿ ನಿಮ್ಮದು. 2012ರ ತಿದ್ದುಪಡಿಯ ನಂತರ ಹಾಡಿನ ಸಾಹಿತಿ, ಸಂಗೀತಗಾರರು ತಮ್ಮ ರಾಯಧನದ ಪಾಲನ್ನು ಕಂಪನಿಗೆ ಬರೆದುಕೊಟ್ಟುಬಿಡಲು ಬರುವುದಿಲ್ಲ. ಸಾಹಿತಿ, ಸಂಗೀತಗಾರರ ಪರವಾಗಿ ರಾಯಧನ ಸಂಗ್ರಹಿಸುವ ಐಪಿಆರ್‌ಎಸ್ ಸಂಸ್ಥೆಯ ಸದಸ್ಯರಾಗಿ ಪ್ರತಿ ಹಾಡನ್ನೂ ನೋಂದಾಯಿಸಿ. ಧ್ವನಿಮುದ್ರಣಕ್ಕೆ ಕೂರುವ ಮುಂಚೆಯೇ ಯಾರು ಬರೆದರು, ಯಾರು ಧಾಟಿ ಕಟ್ಟಿದರು, ಯಾರ ಪಾಲು ಎಷ್ಟು ಎಂದು ಒಂದು ಹಾಳೆಯಲ್ಲಿ ಬರೆದು ಎಲ್ಲರೂ ಸಹಿ ಹಾಕಿ. ಸ್ನೇಹಿತರ ತಂಡವಾದರಂತೂ ಇದನ್ನು ಬಿಡಲೇಬೇಡಿ.

ಹೊಸ ಹಾಡುಗಳನ್ನು ಈಗ ಮೊದಲು ಮೇಳದ ಮುಂದೆ ಹಾಡುತ್ತೇನೆ, ಗಿಟಾರ್ ಇಲ್ಲದೆ, ದಮ್ಮಡಿ ತಾಳದೊಂದಿಗೆ. ಗುಳೆಯ ಹಾಡಿನ ಎರಡನೆಯ ನುಡಿಯಲ್ಲಿ ಒಂದು ಸಾಲು ಅವರ ಬಾಯಿಗೆ ಹೊಂದದೆ, ತಾವೇ ತಿದ್ದಿಕೊಂಡು ಹಾಡಿದರು. ಕೇಳಿ ನೋಡಿದೆ, ಅವರ ಸಾಲೇ ಚೆನ್ನಾಗಿತ್ತು. ಮುದ್ರಣಕ್ಕೆ ಅದನ್ನೇ ತೆಗೆದುಕೊಂಡೆವು, ಪಾಲಿನ ಹಾಳೆಯಲ್ಲಿ ಮೇಳದ ಹೆಸರನ್ನೂ ಸೇರಿಸಿದೆವು.