ಬೋರಾನ್ ನೈಟ್ರೈಡ್ ಪುಡಿ ಮತ್ತು ನಮ್ಮ ಎರಕದ ಶೆಡ್

"ಅಣ್ಣಾ, ಮುಖಕ್ಕ ಹಚ್ಚೋ ಪೌಡರ್ ಇದ್ದಂಗ ಐತಲ್ಲ!" ಡಬ್ಬಿಯ ಮುಚ್ಚಳ ತೆಗೆದ ಹುಡುಗ ಹೇಳಿದ್ದ. ನಿಜ, ಬೋರಾನ್ ನೈಟ್ರೈಡ್ ಹಾಗೇ ಇರುತ್ತದೆ. ಬೆಳ್ಳಗೆ, ನುಣ್ಣಗೆ, ವಾಸನೆಯೂ ಇಲ್ಲ. ಅದಕ್ಕೇ ಮೊದಮೊದಲು ನಾನೂ ಜಾಸ್ತಿ ತಲೆ ಕೆಡಿಸಿಕೊಳ್ಳಲಿಲ್ಲ.

ಕೊಪ್ಪಳದ ಹತ್ತಿರ ಗಿಣಿಗೇರಾ ಕಡೆ ಒಂದು ಸಣ್ಣ ಅಲ್ಯೂಮಿನಿಯಂ ಎರಕದ ಶೆಡ್ ನೋಡಿಕೊಳ್ಳುತ್ತೇನೆ. ಕರಗಿದ ಲೋಹ ಅದನ್ನು ಎತ್ತಿ ಸುರಿಯುವ ಸೌಟಿಗೆ ಅಂದರೆ ಲ್ಯಾಡಲ್‌ಗೆ, ಎರಕದ ಅಚ್ಚಿಗೆ ಅಂದರೆ ಡೈಗೆ ಅಂಟಬಾರದು ಅಂತ ಈ ಪುಡಿಯನ್ನು ನೀರಲ್ಲಿ ಕಲಸಿ ಅಂಟಿನ ಜೊತೆ ಹಚ್ಚುತ್ತೇವೆ. ಗ್ರಾಫೈಟ್‌ನಂತೆ ಪದರ ಪದರವಾಗಿ ಜಾರುವ ವಸ್ತು ಇದು. ಅಲ್ಯೂಮಿನಿಯಂ ಕರಗುವುದು 660 ಡಿಗ್ರಿಗೆ, ಇದು ಗಾಳಿಯಲ್ಲಿ ಸುಮಾರು 900 ಡಿಗ್ರಿವರೆಗೂ ತಡೆಯುತ್ತದೆ.

ಆ ಜಾರುವ ಗುಣವೇ ಒಂದು ದಿನ ನಮ್ಮನ್ನು ಹೆದರಿಸಿತು. ಅಳೆಯುವಾಗ ಸ್ವಲ್ಪ ಪುಡಿ ನೆಲಕ್ಕೆ ಚೆಲ್ಲಿತು, ಕಸಬರಿಗೆಯಿಂದ ಗುಡಿಸಿದೆವು. ನೋಡಲು ನೆಲ ಸ್ವಚ್ಛವಾಗಿತ್ತು. ಸ್ವಲ್ಪ ಹೊತ್ತಿಗೆ ಅದೇ ಹುಡುಗ ಲ್ಯಾಡಲ್ ಹಿಡಿದು ಬರುವಾಗ ದಡ್ಡನೆ ಜಾರಿ ಬಿದ್ದ. ಲ್ಯಾಡಲ್ ಖಾಲಿ ಇತ್ತು. ತುಂಬಿದ್ದರೆ ಏನಾಗುತ್ತಿತ್ತು ಅಂತ ನೆನೆದರೆ ಈಗಲೂ ಹೊಟ್ಟೆ ಕಲಸುತ್ತದೆ. ಗುಡಿಸಿದಾಗ ಅರ್ಧ ಪುಡಿ ಗಾಳಿಗೆ ಏಳುತ್ತದೆ, ಉಳಿದದ್ದು ಕಣ್ಣಿಗೆ ಕಾಣದ ತೆಳು ಪದರವಾಗಿ ನೆಲಕ್ಕೆ ಮೆತ್ತಿಕೊಳ್ಳುತ್ತದೆ.

ಅಂದೇ ಮಾರಿದವರಿಂದ ಸುರಕ್ಷತಾ ಮಾಹಿತಿ ಹಾಳೆ ತರಿಸಿದೆ. 16 ಭಾಗ, ಎಲ್ಲಾ ಇಂಗ್ಲಿಷ್. ಬೇಕಾದಷ್ಟನ್ನು ಕನ್ನಡದಲ್ಲಿ ದಪ್ಪಕ್ಷರದಲ್ಲಿ ಬರೆದು ಗೋಡೆಗೆ ಅಂಟಿಸಿದೆ. ಪುಡಿ ಹೊತ್ತಿ ಉರಿಯುವುದಿಲ್ಲ, ಆದರೆ ಧೂಳು ಕಣ್ಣು, ಗಂಟಲು ಉರಿಸುತ್ತದೆ. ಇಂಥ ಧೂಳಿಗೆ ಅಮೆರಿಕದ ಕೆಲಸಗಾರರ ಸುರಕ್ಷತಾ ಸಂಸ್ಥೆ ಓಷಾದ ನಿಯಮ 8 ತಾಸಿನ ಸರಾಸರಿಯಲ್ಲಿ ಒಂದು ಘನ ಮೀಟರ್ ಗಾಳಿಗೆ 15 ಮಿಲಿಗ್ರಾಂ ಮಿತಿ ಇಟ್ಟಿದೆ. ಶ್ವಾಸಕೋಶದ ಆಳಕ್ಕೆ ಇಳಿಯುವ ಸಣ್ಣ ಧೂಳಿಗೆ 5. ನಮ್ಮ ಹತ್ತಿರ ಅಳೆಯುವ ಯಂತ್ರವಿಲ್ಲ. ಸಣ್ಣ ಧೂಳು ಕಣ್ಣಿಗೆ ಕಾಣುವುದೂ ಇಲ್ಲ. ಹಾಗಾಗಿ ಏಳದಂತೆ ನೋಡಿಕೊಳ್ಳುವುದೊಂದೇ ದಾರಿ.

ಕಲಸುವ ಕೆಲಸವನ್ನು ಮೂಲೆಯ ಕೋಣೆಗೆ ಹಾಕಿದೆ. ಅಲ್ಲಿ ಎಕ್ಸಾಸ್ಟ್ ಫ್ಯಾನ್ ಇದೆ. ಎನ್95 ಮಾಸ್ಕ್, ಕಣ್ಣಿಗೆ ಗಾಗಲ್, ಕೈಗವಸು ಇಲ್ಲದೆ ಡಬ್ಬಿ ಮುಟ್ಟುವಂತಿಲ್ಲ. ಪುಡಿಯನ್ನು ಮೇಲಿಂದ ಸುರಿಯುವುದಿಲ್ಲ, ಚಮಚದಲ್ಲಿ ತೆಗೆದು ನೀರಿನ ಮಟ್ಟದಲ್ಲೇ ಬಿಡುತ್ತೇವೆ. ಚೆಲ್ಲಿದರೆ ಸಣ್ಣ ಧೂಳನ್ನೂ ಹಿಡಿಯುವ ಹೆಪಾ ಫಿಲ್ಟರ್ ಇರುವ ವ್ಯಾಕ್ಯೂಮ್, ಆಮೇಲೆ ಹಸಿ ಬಟ್ಟೆ. ಹಸಿ ಬಟ್ಟೆ ಆ ಕೋಣೆಯ ಒಳಗೆ ಮಾತ್ರ, ಫರ್ನೇಸ್ ಹತ್ತಿರ ಬರಲೇಬಾರದು.

ಬಿಡಿಸಲು ಕಷ್ಟವಾದದ್ದು ಕಂಪ್ರೆಸರ್ ಗಾಳಿಯಿಂದ ಬಟ್ಟೆ ಕೊಡವಿಕೊಳ್ಳುವ ಚಟ. ಎಲ್ಲರಿಗೂ ಅದೇ ಸಲೀಸು. ಎಷ್ಟು ಹೇಳಿದರೂ ಕೇಳಲಿಲ್ಲ. ಕೊನೆಗೆ ಆ ಪೈಪನ್ನೇ ಬಿಚ್ಚಿಟ್ಟೆ. ಈಗ ಕೆಲಸದ ಅಂಗಿ ಶೆಡ್‌ನಲ್ಲೇ ಉಳಿಯುತ್ತದೆ, ಕೈ ತೊಳೆದ ಮೇಲೇ ರೊಟ್ಟಿ ಬುತ್ತಿ ಬಿಚ್ಚುವುದು.

ಇನ್ನೊಂದು ಮಾತು, ಇದು ಪುಡಿಗಿಂತ ದೊಡ್ಡ ಅಪಾಯ. ಹಚ್ಚಿದ ಕೋಟಿಂಗ್ ಪೂರ್ತಿ ಒಣಗದಿದ್ದರೆ ಒಳಗಿನ ನೀರು ಒಮ್ಮೆಲೇ ಆವಿಯಾಗಿ ಲೋಹವನ್ನು ಸಿಡಿಸುತ್ತದೆ. ಮೊದಲು ಗಾಳಿಗೆ ಒಣಗಿಸಿ, ಆಮೇಲೆ ಬೆಂಕಿಯ ಪಕ್ಕ ನಿಧಾನವಾಗಿ ಕಾಯಿಸುತ್ತೇವೆ. ಮಳೆಗಾಲದಲ್ಲಂತೂ ನಿನ್ನೆ ಒಣಗಿಸಿದ ಲ್ಯಾಡಲ್ ಅಂತ ನಂಬುವುದಿಲ್ಲ, ಬೆಳಿಗ್ಗೆ ಮತ್ತೆ ಕಾಯಿಸುತ್ತೇವೆ.

ಬೇಸಿಗೆಯಲ್ಲಿ ನಮ್ಮ ಕಡೆ ಬಿಸಿಲು 40 ಡಿಗ್ರಿ ದಾಟುತ್ತದೆ. ಮಾಸ್ಕ್ ಒಳಗೆ ಬೆವರು ಸುರಿಯುತ್ತದೆ, ಹುಡುಗರು ಟೇಬಲ್ ಫ್ಯಾನ್ ಹಚ್ಚುತ್ತಾರೆ, ಪುಡಿ ಹಾರುತ್ತದೆ. ಬೈದು ಪ್ರಯೋಜನವಿಲ್ಲ ಅಲ್ವಾ? ಮಾರ್ಚಿನಿಂದ ಕಲಸುವ ಕೆಲಸವನ್ನು ಬೆಳಿಗ್ಗೆ ಆರೂವರೆಗೆ ಇಟ್ಟುಕೊಂಡಿದ್ದೇವೆ. ಏಳೂಕಾಲಿಗೆ ಡಬ್ಬಿ ಮುಚ್ಚಿ ಕಪಾಟಿಗೆ ಸೇರುತ್ತದೆ, ಆಮೇಲೇ ಫ್ಯಾನ್ ಹಚ್ಚುವುದು.