ನಾಯಕನನ್ನ ಬದಿಗಿಟ್ಟು ಅಮರ ಸುಳ್ಯದ ಯುದ್ಧ ಬರೆದೆ: ನನ್ನ ಅನುಭವ

ಎರಡನೇ ಮುದ್ರಣದ ಬಂಡಲ್ ಮೊನ್ನೆ ಬಸ್ಸಲ್ಲಿ ಬಂದು ಇಳೀತು, ಹಾಗಾಗಿ ಈಗ ಬರೆಯುವ ಧೈರ್ಯ ಬಂದಿದೆ. 1837ರಲ್ಲಿ ನಮ್ಮ ಸುಳ್ಯದ ಕಡೆಯ ಜನ ಈಸ್ಟ್ ಇಂಡಿಯಾ ಕಂಪೆನಿಯ ವಿರುದ್ಧ ಎದ್ದು ಮಂಗಳೂರಿಗೆ ದಂಡು ಹೋದ ಅಮರ ಸುಳ್ಯದ ದಂಗೆ ಬಗ್ಗೆ ಕಾದಂಬರಿ ಬರೀತೇನೆ ಅಂದಾಗ ನಮ್ಮ ಬಳಗದಲ್ಲೇ ಮೂರ್ನಾಲ್ಕು ಜನ, ಅದನ್ನ ನಿರಂಜನ ಬರೆದಾಗಿದೆ ಮಾರಾಯ, ನೀನು ಹೊಸತು ಎಂತ ಹೇಳ್ತಿ ಅಂದಿದ್ರು. ಹೌದು, ಕುಳ್ಕುಂದದವರು, ಇದೇ ಮಣ್ಣಿನವರು, ಬರೆದಿದ್ದಾರೆ, ನಾನೂ ಅದನ್ನ ಓದಿಯೇ ಬೆಳೆದವ. ಮಾಸ್ತಿಯವರು ಕೊಡಗಿನ ಕೊನೆಯ ರಾಜ ಚಿಕವೀರ ರಾಜೇಂದ್ರನ ಪತನ ಬರೆದದ್ದಕ್ಕೆ ಜ್ಞಾನಪೀಠವೇ ಬಂತು. ಆದ್ರೆ 1834ರಲ್ಲಿ ರಾಜನನ್ನ ಇಳಿಸಿದ ಮೇಲೆ ಕಂಪೆನಿಯವರು ಘಟ್ಟದ ಕೆಳಗಿನ ನಮ್ಮ ಸೀಮೆಯನ್ನ ಕೊಡಗಿನಿಂದ ಕಿತ್ತು ಕೆನರಾ ಜಿಲ್ಲೆಗೆ ಸೇರಿಸಿ, ಭತ್ತದಲ್ಲಿ ಕೊಡ್ತಿದ್ದ ಕಂದಾಯವನ್ನ ದುಡ್ಡಲ್ಲೇ ಕಟ್ಟಿ ಅಂದಾಗ ಒಬ್ಬ ಸಾಮಾನ್ಯ ಒಕ್ಕಲಿನವನ ಮನೆಯಲ್ಲಿ ಏನಾಯ್ತು, ಅದು ನನ್ನ ತಲೆ ಬಿಡ್ಲಿಲ್ಲ.

ಮೊದಲ ಸಲ ಸೋತದ್ದನ್ನ ಹೇಳಿಬಿಡ್ತೇನೆ. 2013ರಲ್ಲಿ ಹಾಕಿದ ಪುಸ್ತಕ ಸುಮಾರು 450 ಪುಟ, ಕೊಡಗಿನ ರಾಜವಂಶದವನು ಅಂತ ದಂಗೆಯ ಮುಂದೆ ನಿಂತ ಕಲ್ಯಾಣಸ್ವಾಮಿಯೇ ನಾಯಕ, ಅವನು ನಿಜಕ್ಕೂ ರಾಜವಂಶದವನಲ್ಲ ಪುಟ್ಟಬಸಪ್ಪ ಅನ್ನುವುದನ್ನ ಕೊನೇ ಅಧ್ಯಾಯಕ್ಕೆ ಬಚ್ಚಿಟ್ಟಿದ್ದೆ, ನಮ್ಮ ಊರಲ್ಲಿ ಅದು ಹೈಸ್ಕೂಲ್ ಮಕ್ಕಳಿಗೂ ಗೊತ್ತು. ಭಾಷೆ ನಾಟಕದ ಭಾಷೆ. ಸಾವಿರ ಪ್ರತಿ ಮುದ್ರಿಸಿ ಲಕ್ಷದ ಮೇಲೆ ಹತ್ತೋ ಹನ್ನೆರಡೋ ಸಾವಿರ ಕೈಬಿಟ್ಟಿತು, ಅದರಲ್ಲಿ ಅರ್ಧ ಸೊಸೈಟಿ ಸಾಲ. ಹೋದದ್ದು 160 ಪ್ರತಿ, ನೆಂಟರನ್ನ ಸೇರಿಸಿ. ಒಬ್ಬ ವಿತರಕರು 200 ಪ್ರತಿ ತಗೊಂಡು ಹೋದವರು ದುಡ್ಡೂ ಕೊಡ್ಲಿಲ್ಲ ಪುಸ್ತಕವೂ ವಾಪಸ್ ಬರ್ಲಿಲ್ಲ. ಉಳಿದದ್ದು ಅಟ್ಟದಲ್ಲಿ ಎರಡು ಮಳೆಗಾಲ ಕೂತು ಗೆದ್ದಲು ಹಿಡಿದ ಮೇಲೆ ಗುಜರಿಗೆ ಹಾಕಿದೆ. ಆ ದಿನ ಮನೆಯಲ್ಲಿ ಯಾರೂ ಸರಿ ಊಟ ಮಾಡ್ಲಿಲ್ಲ.

ಆ 160ರಲ್ಲಿ ಒಂದು ಪ್ರತಿ ಬಂಟ್ವಾಳ ಕಡೆಯ ನಿವೃತ್ತ ಮೇಷ್ಟ್ರೊಬ್ಬರಿಗೆ ಸಿಕ್ಕಿತ್ತು. ಫೋನ್ ಮಾಡಿ ಒಂದೇ ಪ್ರಶ್ನೆ ಕೇಳಿದ್ರು: "ಪಾಣೆಮಂಗಳೂರಲ್ಲಿ ಅಷ್ಟು ಜನ ಹೊಳೆ ದಾಟಿದ್ದು ಹೇಗೆ?" ನನ್ನ ಪುಸ್ತಕದಲ್ಲಿ 'ಸೈನ್ಯ ನೇತ್ರಾವತಿಯನ್ನು ದಾಟಿತು' ಅಂತ ಒಂದು ಸಾಲು ಇತ್ತು, ಅಷ್ಟೇ. ಅಲ್ಲಿ ಆಗ ಸೇತುವೆ ಇಲ್ಲ, ಹಳೇ ಸೇತುವೆ ಕೂಡ ಇಪ್ಪತ್ತನೇ ಶತಮಾನದ್ದು. ನಾನು ಮರಳು ದೋಣಿಯವರ ಹತ್ರ ಹೋಗಿ ಕೂತೆ. ಒಂದು ದೋಣಿಗೆ ಸಾಮಾನು ಸಮೇತ 15 ಜನ, ಹತ್ತಿಸಿ ಇಳಿಸಿ ವಾಪಸ್ ಬರ್ಲಿಕ್ಕೆ ಹತ್ತಿರ ಹತ್ತಿರ 25 ನಿಮಿಷ ಅಂದ್ರು. ಸಾವಿರ ಜನ, ನಾಲ್ಕು ದೋಣಿ ಅಂತ ಇಟ್ಕೊಂಡ್ರೂ ಏಳು ಗಂಟೆ ಬೇಕು! ಒಂದು ಇಡೀ ಹಗಲು ಅರ್ಧ ದಂಡು ಆಚೆ, ಅರ್ಧ ಈಚೆ, ಮಧ್ಯೆ ನೀರು. ಈಚೆ ದಡದಲ್ಲಿ ಉಳಿದವನಿಗೆ ಮನೆಗೆ ಓಡಿಹೋಗ್ಲಿಕ್ಕೆ ಅದು ಕೊನೇ ಅವಕಾಶ. ಆ ಒಂದು ಸಾಲು ಹೊಸತಾಗಿ ಬರೆದ ಪುಸ್ತಕದಲ್ಲಿ 38 ಪುಟ ಆಗಿದೆ, ಓದಿದವರೆಲ್ಲ ಮೊದಲು ಮಾತಾಡುವುದು ಅದೇ ಅಧ್ಯಾಯದ ಬಗ್ಗೆ.

ಅಲ್ಲಿಂದ ಪಾತ್ರ ಯೋಚನೆ ಮಾಡುವುದೇ ಬಿಟ್ಟೆ, ಮೊದಲು ಅಕ್ಕಿ ಲೆಕ್ಕ. ದಿನಕ್ಕೆ ಒಬ್ಬನಿಗೆ ಅರ್ಧ ಕೆಜಿ ಕುಚ್ಚಲಕ್ಕಿ ಹಿಡಿದ್ರೂ ಸಾವಿರ ಜನಕ್ಕೆ ಐದು ಕ್ವಿಂಟಾಲ್, ತಲೆಹೊರೆ ಅಂದ್ರೆ 16-17 ಆಳು, ಅದೂ ಒಂದೇ ದಿನದ್ದು. ಸುಳ್ಯ ಬಿಟ್ಟು ಬೆಳ್ಳಾರೆ, ಪುತ್ತೂರು, ಪಾಣೆಮಂಗಳೂರು, ಬಂಟ್ವಾಳ ದಾಟಿ ಏಪ್ರಿಲ್ 5ಕ್ಕೆ ಮಂಗಳೂರು ಮುಟ್ಟಿದ್ದಾರೆ. ಅಷ್ಟು ಅಕ್ಕಿ ಮನೆಯಿಂದ ಹೊತ್ತು ತರ್ಲಿಕ್ಕೆ ಆಗುವುದೇ ಇಲ್ಲ, ದಾರಿ ಬದಿಯ ಮನೆಗಳೇ ಕೊಡಬೇಕು. ಕೆಲವರು ಪ್ರೀತಿಯಲ್ಲಿ ಕೊಟ್ರು, ಕೆಲವರ ಪತ್ತಾಯ (ಧಾನ್ಯದ ಪೆಟ್ಟಿಗೆ) ತೆಗೆಸಿರ್ಬೇಕು. ನಮ್ಮ ಕಡೆ ಇದೇ ಘಟನೆಗೆ ಒಬ್ಬರು ಸ್ವಾತಂತ್ರ್ಯ ಸಂಗ್ರಾಮ ಅಂತಾರೆ, ಕರಾವಳಿಯ ಅಜ್ಜಿಯರ ಬಾಯಲ್ಲಿ 'ಕಲ್ಯಾಣಪ್ಪನ ಕಾಟಕಾಯಿ' ಅಂತ ಉಳಿದಿದೆ, ಅಂದ್ರೆ ಅದೇ ಕಲ್ಯಾಣಸ್ವಾಮಿಯ ಲೂಟಿ, ಉಪದ್ರ. ಇದು ಯಾಕೆ ಅಂತ ನನಗೆ ಅಕ್ಕಿ ಲೆಕ್ಕ ಹಾಕಿದ ರಾತ್ರಿಯೇ ಅರ್ಥ ಆದದ್ದು. ಕಂದಾಯ ಬಿಡ್ತೇವೆ, ಉಪ್ಪು ಹೊಗೆಸೊಪ್ಪಿನ ಸುಂಕ ತೆಗೀತೇವೆ ಅಂತ ನಿರೂಪ (ಆಜ್ಞಾಪತ್ರ) ಓದಿದ್ದೂ ಅದೇ ಜನ, ಅಂಗಳದಲ್ಲಿ ನಿಂತು ಅಕ್ಕಿ ಕೇಳಿದ್ದೂ ಅದೇ ಜನ. ಹಾಗಾಗಿ ನನ್ನ ಪುಸ್ತಕದಲ್ಲಿ ದಂಗೆಯ ಮುಂದಾಳು ಕೆದಂಬಾಡಿ ರಾಮಯ್ಯ ಗೌಡರು ಒಟ್ಟು ಐದಾರು ಸಲ ಮಾತ್ರ ಬರ್ತಾರೆ, ಅದೂ ಹೊರೆ ಹೊತ್ತವನ ಕಣ್ಣಿಗೆ ಕಂಡಷ್ಟು. ಇದಕ್ಕೆ ಊರಲ್ಲಿ ಬೈಸಿಕೊಂಡೆ, ಮಂಗಳೂರಿನ ಬಾವುಟಗುಡ್ಡೆಯಲ್ಲಿ 2022ರಲ್ಲಿ ಅವರ ಪ್ರತಿಮೆ ನಿಂತ ಮೇಲೆ ಇನ್ನೂ ಜಾಸ್ತಿ. ಆ ಗೌರವ ಸಲ್ಲಲೇಬೇಕು, ನಾನೂ ಹೋಗಿ ಕೈಮುಗಿದು ಬಂದಿದ್ದೇನೆ, ಕಾದಂಬರಿಯ ಕೆಲಸ ಬೇರೆ.

ದಾರಿ ನಡೆದೂ ನೋಡಿದೆ, 90 ಕಿಲೋಮೀಟರ್ ಹತ್ತಿರ, ಏಪ್ರಿಲ್ ಬಿಸಿಲಲ್ಲಿ, ಬೆನ್ನಿಗೆ 12 ಕೆಜಿ ಅಕ್ಕಿ ಕಟ್ಕೊಂಡು ನಾಲ್ಕು ದಿನ. ರಾತ್ರಿ ನಡೆಯುವ ಅಧ್ಯಾಯಕ್ಕೆ ಸೂಟೆ ಎಷ್ಟು ಹೊತ್ತು ಉರೀತದೆ ಅಂತ ನೋಡ್ಲಿಕ್ಕೆ ತೋಟದಲ್ಲಿ ತೆಂಗಿನ ಒಣ ಗರಿ ಕಟ್ಟಿ ವಾರಗಟ್ಟಲೆ ಪ್ರಯೋಗ ಮಾಡಿದೆ, ಸಡಿಲ ಕಟ್ಟಿದ್ರೆ ಐದಾರು ನಿಮಿಷ, ಬಿಗಿ ಕಟ್ಟಿ ಆಗಾಗ ಬೀಸ್ತಾ ಹೋದ್ರೆ 14-15, ನಡುವೆ ಒಂದು ಬಾಳೆಬುಡ ಸುಟ್ಟುಹೋಯ್ತು. ಕಾದಂಬರಿಗೆ ಅದರಿಂದ ಬಂದದ್ದು ಎರಡೇ ಪ್ಯಾರಾ, ಆದ್ರೂ ಗರಿ ಹೊರುವವರು ಬೇರೆ, ಅಕ್ಕಿ ಹೊರುವವರು ಬೇರೆ ಅನ್ನುವುದು ಹೊಳೆದದ್ದು ಆಗಲೇ, ಅವರಿಬ್ಬರ ಜಗಳ ಕತೆಯೊಳಗೆ ಬಂತು.

ಕಾಲದ ತಪ್ಪುಗಳು ಮೊದಲ ಕರಡಲ್ಲಿ ರಾಶಿ. ಒಬ್ಬ ಬೆಂಕಿಕಡ್ಡಿ ಗೀರಿದ್ದ, ದಾರಿಯುದ್ದಕ್ಕೂ ರಬ್ಬರ್ ತೋಟದ ನೆರಳು ಇತ್ತು, ಮಂಗಳೂರಲ್ಲಿ ಕೆಂಪು ಹಂಚಿನ ಮಾಡು. ಬಾಸೆಲ್ ಮಿಶನ್ನಿನವರು 1834ಕ್ಕೇ ಬಂದಿದ್ರು ನಿಜ, ಹಂಚಿನ ಕಾರ್ಖಾನೆ ಹಾಕಿದ್ದು 1865ರಲ್ಲಿ. ಮಂಗಳೂರ ಸಮಾಚಾರ ಶುರುವಾದದ್ದು 1843ಕ್ಕೆ, ಹಾಗಾಗಿ ಪೇಪರ್ ಓದುವ ದೃಶ್ಯವನ್ನೂ ಕಿತ್ತೆ. ಅದೇ ಮಿಶನ್ನಿನ ಪಾದ್ರಿ ಮೋಗ್ಲಿಂಗ್ ಅವರ 1855ರ ಕೊಡಗಿನ ಪುಸ್ತಕವನ್ನ ಎದುರು ಪಕ್ಷದ ಸಾಕ್ಷಿ ಅಂತ ಓದಿ, ಬಿಡಬೇಡಿ. ಈ ದಂಗೆಯಲ್ಲಿ ಕಂಪೆನಿಗೆ ನಿಷ್ಠರಾದವರಿಗೆ ಕೊಟ್ಟ ಪದಕದ ಒಂದು ಮುಖದಲ್ಲಿ ಕನ್ನಡದಲ್ಲೇ ಬರಹ ಉಂಟು, ಅದರ ಫೋಟೋ ನೋಡಿದ ದಿನ ನನಗೆ ನಿದ್ದೆ ಬರ್ಲಿಲ್ಲ, ನಮ್ಮ ಅಕ್ಷರದಲ್ಲೇ. ಅದಕ್ಕೆ ಒಂದು ಅಧ್ಯಾಯ ಕೊಟ್ಟೆ.

ದೊಡ್ಡ ಜಗಳ ಆದದ್ದು ಮಾತಿನ ಬಗ್ಗೆ. ಸಂಭಾಷಣೆಯಲ್ಲಿ ಗೌಡರು ಅರೆಭಾಷೆ, ಹೊಳೆ ದಡದವರು ತುಳು, ನಿರೂಪಣೆ ಮಾತ್ರ ಮಾಮೂಲಿ ಕನ್ನಡ ಅಂತ ಮಾಡಿದೆ. ಬೆಂಗಳೂರಿನ ಒಬ್ಬ ಪ್ರಕಾಶಕರು ಹಸ್ತಪ್ರತಿ ಎಂಟು ತಿಂಗಳು ಇಟ್ಕೊಂಡು, ಅರೆಭಾಷೆಯ 'ಉಟ್ಟು' (ಉಂಟು) ಅಂದ್ರೆ ಸೀರೆ ಉಟ್ಟು ಅಂತ ಓದ್ತಾರೆ, ಎಲ್ಲ ಶಿಷ್ಟ ಮಾಡಿ ಅಂದ್ರು. ಮಾಡ್ಲಿಲ್ಲ. ಅರ್ಥಕೋಶವನ್ನೂ ಹಾಕ್ಲಿಲ್ಲ. ಓದುಗರಿಗೆ ಮೂವತ್ತು ಪುಟದೊಳಗೆ ಕಿವಿ ಹೊಂದಿಕೊಳ್ಳುವ ಹಾಗೆ ಮಾಡ್ಲಿಕ್ಕೆ ಒಂದು ಉಪಾಯ ಉಂಟು, ಅದನ್ನ ಈಗ ಹೇಳುವುದಿಲ್ಲ, ಮುಂದಿನ ಪುಸ್ತಕಕ್ಕೂ ಬೇಕು. ಶಿವಮೊಗ್ಗ, ಧಾರವಾಡದಿಂದ ಓದಿ ಫೋನ್ ಮಾಡಿದವರಲ್ಲಿ ಭಾಷೆ ತಿಳೀಲಿಲ್ಲ ಅಂದವರು ಒಬ್ಬರೇ.

ದುಡ್ಡಿನ ವಿಷಯ. ಈ ಸಲ 304 ಪುಟ, ಡೆಮಿ, ಡಿಟಿಪಿ ಪುಟಕ್ಕೆ 30 ರೂಪಾಯಿ ಅಂದಾಜು, 500 ಪ್ರತಿಗೆ ಒಟ್ಟು 70 ಸಾವಿರದ ಒಳಗೆ ಆಯ್ತು. ಬೆಲೆ 320. ಲೈಬ್ರರಿ ಖರೀದಿ ನಂಬಿ ಲೆಕ್ಕ ಹಾಕ್ಲಿಲ್ಲ, ವಿತರಕರಿಗೆ ಒಂದು ಪ್ರತಿಯೂ ಕೊಡ್ಲಿಲ್ಲ. ಹೊಳೆ ದಾಟುವ ಅಧ್ಯಾಯವನ್ನ ವಾಟ್ಸಾಪಲ್ಲಿ ಓದಿ ಆಡಿಯೋ ಕಳ್ಸಿದೆ, ಮುಂಗಡ ಬುಕ್ಕಿಂಗಲ್ಲೇ 210 ಪ್ರತಿ ಹೋಯ್ತು. ಏಳು ತಿಂಗಳಲ್ಲಿ 500 ಖಾಲಿ, ಹಳೇ ಸಾಲದ ಬಾಕಿ ತೀರಿಸಿದೆ. ಎರಡನೇ ಮುದ್ರಣ ಸಾವಿರ.

ಮಂಗಳೂರು ದಂಗೆಯವರ ಕೈಯಲ್ಲಿ ಇದ್ದದ್ದು ಸುಮಾರು 13 ದಿನ. ನನ್ನ ಪುಸ್ತಕ ಅಲ್ಲಿಗೆ ನಿಲ್ತದೆ, ನೇಣು ಬರೀಲಿಲ್ಲ. ದಂಗೆಯ ಇನ್ನೊಬ್ಬ ಮುಂದಾಳು ಸುಬೇದಾರ್ ಗುಡ್ಡೆಮನೆ ಅಪ್ಪಯ್ಯ ಗೌಡರನ್ನ ಮಡಿಕೇರಿಯಲ್ಲಿ ಅದೇ ವರ್ಷ ಅಕ್ಟೋಬರ್ 31ಕ್ಕೆ ಗಲ್ಲಿಗೇರಿಸಿದ್ರು, ಅದು ಎರಡನೇ ಭಾಗಕ್ಕೆ. ಬರುವ ಮಾರ್ಚ್ ಕೊನೆಗೆ ಸುಳ್ಯದಿಂದ ಸಂಪಾಜೆ ಘಾಟಿ ಹತ್ತಿ ಮಡಿಕೇರಿಗೆ ನಡೆಯುವವ ಇದ್ದೇನೆ, ಈ ಸಲ ಅಕ್ಕಿ 15 ಕೆಜಿ ಮಾಡಬೇಕು ಅಂತ ಉಂಟು.