ತಾಮ್ರದ ತಗಡಿನ ಮೇಲೆ ದುರ್ಗದ ಬಂಡೆ: ಎಚ್ಚಿಂಗ್ ಮಾಡುವ ಬಗೆ

ಎಚ್ಚಿಂಗ್ ಎಂದರೆ ಮೇಣ ಹಚ್ಚಿದ ಲೋಹದ ತಗಡಿನ ಮೇಲೆ ಸೂಜಿಯಿಂದ ಗೆರೆ ಎಳೆದು, ಆ ಗೆರೆಗಳನ್ನು ದ್ರಾವಣದಲ್ಲಿ ಕೊರೆಸಿ, ಇಂಕ್ ತುಂಬಿ ಕಾಗದದ ಮೇಲೆ ಅಚ್ಚು ತೆಗೆಯುವುದು. ಚಿತ್ರದುರ್ಗದ ಕೋಟೆಯಲ್ಲಿ ಸ್ಕೆಚ್ ಮಾಡಿಕೊಂಡು ಬಂದವರು ಮೊದಲ ಸಲ ಎಚ್ಚಿಂಗ್‌ಗೆ ಕೂತಾಗ ಪೆನ್ಸಿಲ್ ಅಭ್ಯಾಸದಲ್ಲೇ ಸೂಜಿಯನ್ನು ಒತ್ತಿ ಎಳೆಯುತ್ತಾರೆ. ಪ್ರಿಂಟ್ ತೆಗೆದಾಗ ಬಂಡೆಯೂ ಆಕಾಶವೂ ಒಂದೇ ಬೂದು. ಇಲ್ಲಿ ಗೆರೆ ಕಪ್ಪಾಗುವುದು ಕೈಯ ಒತ್ತಡದಿಂದಲ್ಲ, ತಗಡು ದ್ರಾವಣದಲ್ಲಿ ಎಷ್ಟು ಹೊತ್ತು ಇತ್ತು ಎಂಬುದರಿಂದ.

ಸ್ವಿಟ್ಜರ್ಲೆಂಡಿನ ಇಬ್ಬರ ಕೆಲಸವನ್ನು ಅಕ್ಕಪಕ್ಕ ಇಟ್ಟು ನೋಡಿ. ಸೊಲೊಥರ್ನ್ ಊರಿನ ಅಕ್ಕಸಾಲಿಗ ಉರ್ಸ್ ಗ್ರಾಫ್ 1513ರಲ್ಲಿ ಕಾಲು ತೊಳೆಯುವ ಹೆಂಗಸಿನ ಚಿತ್ರ ಮಾಡಿದ. ಇಸವಿ ನಮೂದಾಗಿರುವ ಎಚ್ಚಿಂಗ್‌ಗಳಲ್ಲಿ ಅದೇ ಅತಿ ಹಳೆಯದು. ಕಬ್ಬಿಣದ ತಗಡು ಬಳಸುತ್ತಿದ್ದ ಆ ಕಾಲದ ಕೆಲಸಗಳಲ್ಲಿ ಗೆರೆಗಳ ದಪ್ಪ ಹೆಚ್ಚುಕಮ್ಮಿ ಒಂದೇ. ಬರ್ಲಿನ್‌ನಲ್ಲಿ ಭಾವಚಿತ್ರಗಳಿಂದ ಹೆಸರಾದ, ಜರ್ಮನ್ ಕಲಾವಿದೆ ಕೇಟೆ ಕೋಲ್‌ವಿಟ್ಸ್‌ಗೆ ಪಾಠ ಹೇಳಿದ ಕಾರ್ಲ್ ಸ್ಟಾಫರ್-ಬರ್ನ್ (1857–1891) ಎಚ್ಚಿಂಗ್ ಗೆರೆಯ ಜೊತೆಗೆ ಬ್ಯೂರಿನ್ ಎಂಬ ಚೂಪು ಉಳಿಯಿಂದಲೂ ತಾಮ್ರವನ್ನು ಕೊರೆದ. ಅವನು ಮಾಡಿದ ಸಾಹಿತಿ ಗಾಟ್‌ಫ್ರೀಡ್ ಕೆಲ್ಲರ್ ಭಾವಚಿತ್ರದ ಮುಖದಲ್ಲಿ ತಿಳಿ ಬೂದಿನಿಂದ ಗಾಢ ಕಪ್ಪಿನವರೆಗೆ ಮೆಟ್ಟಿಲು ಮೆಟ್ಟಿಲಾಗಿ ಇಳಿಯುವುದು ಕಾಣುತ್ತದೆ. ನಮ್ಮ ಬಂಡೆಗಳಿಗೆ ಬೇಕಾದ್ದೂ ಅದೇ.

ತಾಮ್ರದ ತಗಡು 1 ಮಿ.ಮೀ. ದಪ್ಪ, 10 × 15 ಸೆಂ.ಮೀ. ಇದ್ದರೆ ಸಾಕು. ನಾಲ್ಕೂ ಅಂಚನ್ನು ಅರದಿಂದ 45 ಡಿಗ್ರಿ ಓರೆ ಮಾಡಿ. ಇಲ್ಲದಿದ್ದರೆ ಪ್ರೆಸ್‌ನಲ್ಲಿ ಕಾಗದವೂ ಫೆಲ್ಟ್ ಬಟ್ಟೆಯೂ ಹರಿಯುತ್ತವೆ. ಆಮೇಲೆ ಸೀಮೆಸುಣ್ಣದ ಪುಡಿಗೆ ತುಸು ವಿನೆಗರ್ ಹಾಕಿ ತಿಕ್ಕಿ, ನಲ್ಲಿ ಕೆಳಗೆ ಓರೆಯಾಗಿ ಹಿಡಿಯಿರಿ. ನೀರು ತೆಳ್ಳನೆಯ ಪೊರೆಯಂತೆ ಇಡೀ ತಗಡನ್ನು ಮುಚ್ಚಿ ನಿಲ್ಲಬೇಕು. ಎಲ್ಲಾದರೂ ಹನಿಹನಿಯಾಗಿ ಸರಿದರೆ ಅಲ್ಲಿ ಜಿಡ್ಡಿದೆ, ಮತ್ತೆ ತಿಕ್ಕಿ. ಜಿಡ್ಡು ಉಳಿದ ಕಡೆ ಮೇಣ ಹಿಡಿಯುವುದಿಲ್ಲ. ದ್ರಾವಣ ಒಳನುಗ್ಗಿ ಸಿಡುಬಿನ ಕಲೆಯಂಥ ಚುಕ್ಕೆ ಬೀಳುತ್ತದೆ.

ಮೇಲೆ ಹಚ್ಚುವ ಮೇಣಕ್ಕೆ ತೂಕದಲ್ಲಿ ಜೇನುಮೇಣ 2 ಪಾಲು, ಆಸ್ಫಾಲ್ಟಮ್ (ಡಾಂಬರು ಜಾತಿಯ ಕಪ್ಪು ವಸ್ತು) ಪುಡಿ 2 ಪಾಲು, ರಾಳ 1 ಪಾಲು. ಸಣ್ಣ ಉರಿಯಲ್ಲಿ ಮೇಣ ಕರಗಿಸಿ, ಉಳಿದೆರಡನ್ನು ಸ್ವಲ್ಪಸ್ವಲ್ಪವೇ ಉದುರಿಸಿ ಕಲಕಿ, ಬೆಚ್ಚಗಿನ ನೀರಿಗೆ ಸುರಿದು ಉಂಡೆ ಕಟ್ಟಿ. ಗಾಳಿಯಾಡುವ ಕಡೆಯಲ್ಲೇ ಮಾಡಿ, ಬೆಂಕಿ ಬಿಟ್ಟು ಕದಲಬೇಡಿ. ತಗಡನ್ನು ಬಿಸಿ ಮಾಡಿ ಉಂಡೆ ಸವರಿ, ರೋಲರ್‌ನಿಂದ ತೆಳ್ಳಗೆ ಹರಡಿ. ಚಿತ್ರದುರ್ಗದ ಗಾಳಿ ಗೊತ್ತಲ್ಲ, ಮೇಣ ಹರಡುವ ಹೊತ್ತಿನಲ್ಲಿ ಮಾತ್ರ ಕಿಟಕಿ ಮುಚ್ಚಿ, ಫ್ಯಾನ್ ಆರಿಸಿ. ಒಂದು ಧೂಳಿನ ಕಣವೂ ಒಂದು ಕಪ್ಪು ಚುಕ್ಕೆಯಾಗುತ್ತದೆ. ದಾವಣಗೆರೆಯ ಏಪ್ರಿಲ್ ಬಿಸಿಲಿಗೆ ಮೇಣ ಮೆತ್ತಗಾಗಿ ಅಂಗೈ ಗುರುತು ಬೀಳುವುದರಿಂದ, ಎರಡು ಕಡೆ ಚಿಕ್ಕ ಕಾಲು ಕೊಟ್ಟ ಹಲಗೆಯ ಮೇಲೆ ಕೈ ಇಟ್ಟು ಬರೆಯಿರಿ.

ಚಿತ್ರ ಎಡಬಲ ತಿರುವಿ ಅಚ್ಚಾಗುತ್ತದೆ. ಒನಕೆ ಓಬವ್ವನ ಕಿಂಡಿ ಅದಲುಬದಲಾದರೆ ದುರ್ಗದವರು ನೋಡಿದ ತಕ್ಷಣ ಹೇಳುತ್ತಾರೆ! ಬಟರ್ ಪೇಪರ್ ಮೇಲೆ ಬರೆದು, ಮಗುಚಿ ನಕಲಿಳಿಸಿ. ಸೂಜಿ ಮೇಣವನ್ನು ಸರಿಸಿ ತಾಮ್ರ ಹೊಳೆಯುವಂತೆ ಮಾಡಿದರೆ ಸಾಕು, ಲೋಹ ಅಗೆಯಬೇಕಿಲ್ಲ.

ತಾಮ್ರವನ್ನು ಕೊರೆಯುವ ದ್ರಾವಣಕ್ಕೆ 40% ಫೆರಿಕ್ ಕ್ಲೋರೈಡ್ 800 ಮಿ.ಲೀ. ತೆಗೆದುಕೊಳ್ಳಿ. 150 ಮಿ.ಲೀ. ಬೆಚ್ಚಗಿನ ನೀರಿನಲ್ಲಿ 50 ಗ್ರಾಂ ನಿಂಬೆ ಉಪ್ಪು (ಸಿಟ್ರಿಕ್ ಆಮ್ಲ) ಕರಗಿಸಿ ಅದಕ್ಕೆ ಸೇರಿಸಿ. ನಿಂಬೆ ಉಪ್ಪಿಲ್ಲದಿದ್ದರೆ ಗೆರೆಯೊಳಗೆ ಗಸಿ ಕೂತು ಕೊರೆತ ನಿಧಾನವಾಗುತ್ತದೆ. ಪ್ಲಾಸ್ಟಿಕ್ ಟ್ರೇ, ಕೈಗವಸು, ಕನ್ನಡಕ ಕಡ್ಡಾಯ. ಇದರಲ್ಲಿ ಸತುವಿನ ತಗಡು ಹಾಕಬೇಡಿ, ಕಾದು ಅನಿಲ ಏಳುತ್ತದೆ. ತಗಡಿನ ಹಿಂಬದಿಗೆ ಪ್ಯಾಕಿಂಗ್ ಟೇಪ್ ಅಂಟಿಸಿ.

ಸೆಖೆಯಲ್ಲಿ ಕೊರೆತ ಚುರುಕು, ಚಳಿಯಲ್ಲಿ ನಿಧಾನ. ಆದ್ದರಿಂದ ಬೇರೊಬ್ಬರ ಸಮಯ ನಂಬದೆ, ಮೊದಲು ತುಂಡು ತಾಮ್ರದ ಮೇಲೆ 5, 10, 20, 40, 60 ನಿಮಿಷ ನೋಡಿಕೊಳ್ಳಿ. ಚಿತ್ರದಲ್ಲಿ ದೂರದ ಜೋಗಿಮಟ್ಟಿ ಬೆಟ್ಟದ ಸಾಲಿಗೆ ಸುಮಾರು 8 ನಿಮಿಷ. ತಗಡು ತೆಗೆದು ತೊಳೆದು ಒಣಗಿಸಿ, ಆ ಗೆರೆಗಳ ಮೇಲೆ ಬಡಗಿಗಳ ಅರಗಿನ ಪಾಲಿಶ್ ಬಳಿದು ಮುಚ್ಚಿ. ಮತ್ತೆ ಮುಳುಗಿಸಿ: ಬಂಡೆಯ ಮೈಗೆ ಒಟ್ಟು 20, ಕೋಟೆಗೋಡೆಯ ಕಲ್ಲಿನ ಸಂದಿಗೆ 40, ಬಂಡೆ ಬಂಡೆ ಕೂಡುವ ಗವಿಗತ್ತಲಿಗೆ 70. ಪಾಲಿಶ್ ಪೂರ್ತಿ ಒಣಗದೆ ಮುಳುಗಿಸಿದರೆ ಮುಚ್ಚಿದ್ದೂ ಕೊರೆದುಹೋಗುತ್ತದೆ.

ಪಾಲಿಶನ್ನು ಸ್ಪಿರಿಟ್‌ನಿಂದ, ಮೇಣವನ್ನು ಸೀಮೆಎಣ್ಣೆಯಿಂದ ಒರೆಸಿ. ಎಣ್ಣೆ ಆಧಾರದ ಎಚ್ಚಿಂಗ್ ಇಂಕನ್ನು ರಟ್ಟಿನ ತುಂಡಿನಿಂದ ಗೆರೆಗಳಿಗೆ ತುಂಬಿ. ಒರೆಸಲು ಗಂಜಿ ಹಾಕಿದ ತೆಳು ಮಸ್ಲಿನ್ ಬೇಕು. ಮೆತ್ತನೆಯ ಬಟ್ಟೆ ಗೆರೆಯೊಳಗಿನ ಇಂಕನ್ನೂ ಎಳೆದುಬಿಡುತ್ತದೆ. ಕೊನೆಗೆ ಸೀಮೆಸುಣ್ಣ ಹಚ್ಚಿದ ಅಂಗೈ ಅಂಚನ್ನು ಹಗುರವಾಗಿ ಆಡಿಸಿ.

ಹತ್ತಿಯ 300 ಜಿಎಸ್ಎಂ (ಚದರ ಮೀಟರಿಗೆ 300 ಗ್ರಾಂ ತೂಗುವ) ಕಾಗದವನ್ನು ಅರ್ಧ ಗಂಟೆ ನೆನೆಸಿ, ಬ್ಲಾಟಿಂಗ್ ಪೇಪರ್‌ನಲ್ಲಿ ಒತ್ತಿ, ಹೊಳಪು ಹೋದ ಮೇಲೆ ತಗಡಿನ ಮೇಲಿಟ್ಟು, ಫೆಲ್ಟ್ ಹೊದಿಸಿ ಪ್ರೆಸ್‌ನಲ್ಲಿ ಹಾಯಿಸಿ. ನೀರು ಹೊಳೆಯುತ್ತಿದ್ದರೆ ಗೆರೆ ಹರಡುತ್ತದೆ, ಒಣಗಿದ್ದರೆ ಇಂಕ್ ಎತ್ತುವುದಿಲ್ಲ. ಬೇಸಿಗೆಯಲ್ಲಿ ಪ್ಲಾಸ್ಟಿಕ್ ಸುತ್ತಿಟ್ಟು ಬೆಳಗ್ಗೆಯೇ ಅಚ್ಚು ಹಾಕಿ. ಗೆರೆ ತುಂಡುತುಂಡಾಗಿ ಬಂದರೆ ಪ್ರೆಸ್‌ನ ಒತ್ತಡ ಕಡಿಮೆಯಿದೆ. ಪ್ರೆಸ್ ಇಲ್ಲದವರು ಹತ್ತಿರದ ಕಲಾಶಾಲೆಯಲ್ಲಿ ವಿಚಾರಿಸಿ.

ಮೊದಲ ಪ್ರಿಂಟನ್ನು ಗೋಡೆಗೆ ಅಂಟಿಸಿ ದೂರ ನಿಂತು ನೋಡಿ. ಗವಿಯ ಕಪ್ಪು ಸಾಲದಿದ್ದರೆ ಸ್ಟಾಫರ್ ದಾರಿ ಹಿಡಿದು ಬ್ಯೂರಿನ್‌ನಿಂದ ಅಲ್ಲಷ್ಟೇ ಕೊರೆಯಿರಿ, ಹೆಚ್ಚಾಗಿದ್ದರೆ ನುಣುಪು ಉಕ್ಕಿನ ಬರ್ನಿಷರ್‌ಗೆ ಒಂದು ಹನಿ ಎಣ್ಣೆ ಹಚ್ಚಿ ಉಜ್ಜಿ ತಗ್ಗಿಸಿ. ಶಕ್ತಿ ತೀರಿದ ದ್ರಾವಣವನ್ನು ಚರಂಡಿಗೆ ಚೆಲ್ಲಬೇಡಿ, ಅದರಲ್ಲಿ ತಾಮ್ರವಿದೆ. ವಾಷಿಂಗ್ ಸೋಡಾವನ್ನು ನೊರೆ ನಿಲ್ಲುವವರೆಗೆ ಸ್ವಲ್ಪಸ್ವಲ್ಪವೇ ಹಾಕಿ, ತಳಕ್ಕಿಳಿದ ಕೆಸರನ್ನು ಮುಚ್ಚಳದ ಡಬ್ಬದಲ್ಲಿ ತುಂಬಿ, ಅಪಾಯಕಾರಿ ತ್ಯಾಜ್ಯ ಪಡೆಯುವವರಿಗೆ ಕೊಡಿ.